ಸತ್ಯಾಂಶ: ಹಿಟ್ಲರನ ವಾಸ್ತುಶಿಲ್ಪಿಗೆ ನಿಜವಾಗಿಯೂ ಏನೂ ಗೊತ್ತಿರಲಿಲ್ಲವೇ?

‘ಆಲ್ಬರ್ಟ್ ಸ್ಪೀರ್ ಬರೀ ಕಟ್ಟಡ ಕಟ್ಟಿದ ಕಲಾವಿದ, ಯಹೂದಿಗಳ ಹತ್ಯೆ ಅವನಿಗೆ ತಿಳಿದಿರಲಿಲ್ಲ, ಪಶ್ಚಾತ್ತಾಪಪಟ್ಟ ಒಳ್ಳೆಯ ನಾಜಿ’ ಎಂಬ ಸಂದೇಶ ಮೊಬೈಲ್‌ಗಳಲ್ಲಿ ಹರಿದಾಡುತ್ತಿದೆ. ಇದು ಸುಳ್ಳು. ಈ ಕಥೆಯನ್ನು ಮೊದಲು ಹೆಣೆದವನು ಸ್ಪೀರ್‌ನೇ.

ಅವನು ನಾಜಿ ಪಕ್ಷ ಸೇರಿದ್ದು 1931ರಲ್ಲಿ, ಹಿಟ್ಲರ್ ಅಧಿಕಾರಕ್ಕೆ ಬರುವ ಮೊದಲೇ. ಬರ್ಲಿನ್ ನಗರವನ್ನು ಹೊಸದಾಗಿ ಕಟ್ಟುವ ಹೊಣೆ 1937ರಲ್ಲಿ ಸಿಕ್ಕಿತು. ಆ ಯೋಜನೆಗೆ ಬೇಕಾದ ಕಲ್ಲು ಎಲ್ಲಿಂದ? ಫ್ಲಾಸೆನ್‌ಬರ್ಗ್‌ನಂಥ ಸೆರೆಶಿಬಿರಗಳ ಗಣಿಗಳಲ್ಲಿ ಕೈದಿಗಳು ಗ್ರಾನೈಟ್ ಒಡೆಯುತ್ತಿದ್ದರು. ನಕ್ಷೆಯ ಮೇಲಿನ ನುಣುಪಾದ ಗೆರೆಗಳ ಹಿಂದೆ ಆ ಕೈಗಳಿದ್ದವು. ಬರ್ಲಿನ್‌ನ ಯಹೂದಿ ಕುಟುಂಬಗಳನ್ನು ಮನೆಗಳಿಂದ ಹೊರಹಾಕಿದ್ದೂ ಅವನ ಕಚೇರಿಯೇ. ಕಚೇರಿಯ ದಿನಚರಿಯಲ್ಲಿದ್ದ ಆ ಭಾಗಗಳನ್ನು ಯುದ್ಧಾನಂತರ ಅವನ ಗೆಳೆಯ ರುಡಾಲ್ಫ್ ವೋಲ್ಟರ್ಸ್ ತೆಗೆದುಹಾಕಿದ. ಸ್ಪೀರ್‌ಗೆ ಅದು ಗೊತ್ತಿತ್ತು.

1942ರಲ್ಲಿ ಶಸ್ತ್ರಾಸ್ತ್ರ ಸಚಿವನಾದ ಮೇಲೆ ಅವನ ಕಾರ್ಖಾನೆಗಳು ನಡೆದದ್ದು ಲಕ್ಷಾಂತರ ಜನರ ಬಲವಂತದ ದುಡಿಮೆಯಿಂದ. 1943ರ ಡಿಸೆಂಬರ್‌ನಲ್ಲಿ ನೆಲದಡಿಯ ರಾಕೆಟ್ ಕಾರ್ಖಾನೆಯಾದ ಮಿಟೆಲ್‌ವೆರ್ಕ್‌ನ ಸುರಂಗಗಳಿಗೆ ಅವನೇ ಹೋಗಿದ್ದ. ಕೈದಿಗಳು ದುಡಿಯುತ್ತಿದ್ದುದೂ ಮಲಗುತ್ತಿದ್ದುದೂ ಅದೇ ದೂಳಿನ ಕತ್ತಲೆಯಲ್ಲಿ.

ಯುದ್ಧದ ನಂತರ ನ್ಯೂರೆಂಬರ್ಗ್‌ನಲ್ಲಿ ನಡೆದ ನಾಜಿ ನಾಯಕರ ವಿಚಾರಣೆಯಲ್ಲಿ ಸ್ಪೀರ್ ಆಡಳಿತದ ಒಟ್ಟಾರೆ ಹೊಣೆ ಒಪ್ಪಿಕೊಂಡನಾದರೂ ‘ನನಗೆ ಗೊತ್ತಿರಲಿಲ್ಲ’ ಎಂದ. ಅನೇಕರು ಮರುಳಾದದ್ದು ಇಲ್ಲಿಯೇ. 20 ವರ್ಷ ಸೆರೆಯಲ್ಲಿದ್ದು 1966ರಲ್ಲಿ ಬಿಡುಗಡೆಯಾದ. ನೆನಪುಗಳನ್ನು ಬರೆದು ಹಣ, ಹೆಸರು ಎರಡನ್ನೂ ಗಳಿಸಿದ. 1943ರ ಅಕ್ಟೋಬರ್ 6ರಂದು ಪೋಸೆನ್ ನಗರದ ಸಭೆಯಲ್ಲಿ ನಾಜಿಗಳ ಎಸ್‌ಎಸ್ ಪಡೆಯ ಮುಖ್ಯಸ್ಥ ಹಿಮ್ಲರ್ ಯಹೂದಿಗಳ ಹತ್ಯೆಯ ಬಗ್ಗೆ ಬಾಯಿಬಿಟ್ಟು ಹೇಳಿದಾಗ ತಾನು ಅಲ್ಲಿರಲಿಲ್ಲ ಎಂದೇ ವಾದಿಸಿದ. 1981ರಲ್ಲಿ ತೀರಿಕೊಂಡ. ಆದರೆ 1971ರಲ್ಲಿ ಅವನು ಬರೆದಿದ್ದ ಖಾಸಗಿ ಪತ್ರವೊಂದು 2007ರಲ್ಲಿ ಬೆಳಕಿಗೆ ಬಂತು. ತಾನು ಅಲ್ಲಿದ್ದೆ ಎಂದು ಅದರಲ್ಲಿ ಅವನೇ ಒಪ್ಪಿಕೊಂಡಿದ್ದ.