ಅಮಾನತು ಅಂದ್ರೆ ವಜಾ ಅಲ್ಲ

ಸೋಮವಾರಪೇಟೆ ಕಡೆಯ ವಾಟ್ಸಾಪ್ ಗ್ರೂಪುಗಳಲ್ಲಿ ಸರ್ಕಾರಿ ಗುಮಾಸ್ತರೊಬ್ಬರ ಮೇಲಿನ ಆದೇಶದ ಫೋಟೋ ಓಡಾಡುತ್ತಿದೆ. ಮೇಲೆ 'ಗುಮಾಸ್ತರ ಕೆಲಸ ಹೋಯ್ತು' ಎಂಬ ಬರಹ. ಇದು ತಪ್ಪು. ಫೋಟೋ ಸ್ವಲ್ಪ ದೊಡ್ಡದು ಮಾಡಿ ನೋಡಿ, 'ಇಲಾಖಾ ವಿಚಾರಣೆ ಬಾಕಿ ಇರಿಸಿ ಅಮಾನತು' ಎಂದಿದೆ. ಅಮಾನತಾದವರು ಇನ್ನೂ ನೌಕರರೇ, ಜೀವನಾಧಾರ ಭತ್ಯೆಯೂ (ಆ ಅವಧಿಯಲ್ಲಿ ಸಂಬಳದ ಬದಲು ಕೊಡುವ ಹಣ) ಸಿಗುತ್ತದೆ. ಸರ್ಕಾರಿ ನೌಕರರನ್ನು ವಜಾ ಮಾಡಬೇಕಾದರೆ, ಅಂದರೆ ಕೆಲಸದಿಂದಲೇ ತೆಗೆಯಬೇಕಾದರೆ, ಸಂವಿಧಾನದ 311ನೇ ವಿಧಿಯಂತೆ ಆರೋಪ ತಿಳಿಸಿ, ವಿಚಾರಣೆ ನಡೆಸಿ, ಅವರ ಮಾತು ಕೇಳಬೇಕು. ವಿಚಾರಣಾ ವರದಿಯ ಪ್ರತಿಯನ್ನೂ ಕೊಡಬೇಕು ಎಂದು ಸುಪ್ರೀಂ ಕೋರ್ಟ್ 1993ರಲ್ಲೇ ಹೇಳಿದೆ. ಕ್ರಿಮಿನಲ್ ಕೇಸಿನಲ್ಲಿ ಶಿಕ್ಷೆಯಾದಂಥ ಕೆಲವು ಸಂದರ್ಭಗಳಲ್ಲಿ ಮಾತ್ರ ವಿಚಾರಣೆ ಬೇಕಿಲ್ಲ. ಸಾರಿಗೆ ನಿಗಮದ ಬಸ್ ಕಂಡಕ್ಟರಿಗೂ ಇದೇ ವಿಧಿ ಅಂತ ಗ್ರೂಪಿನಲ್ಲಿ ಯಾರೋ ಸುಮ್ನೆ ಸೇರಿಸಿದ್ದಾರೆ. ಅದೂ ಸರಿಯಲ್ಲ. ನಿಗಮದ ನೌಕರರಿಗೆ 311 ಬರುವುದಿಲ್ಲ, ಅವರ ವಿಚಾರಣೆ ನಿಗಮದ್ದೇ ನಿಯಮದಂತೆ ನಡೆಯುತ್ತದೆ.