ಅರಮನೆಯ ರೀಲು, ಎಸ್ಫಿರ್ ಶುಬ್ ಅವರ ಕತ್ತರಿ

ಹೋದ ವಾರ ರಾತ್ರಿ ಊಟ ಮುಗಿಸಿ, ಸೋವಿಯತ್ ನಿರ್ದೇಶಕಿ ಎಸ್ಫಿರ್ ಶುಬ್ ಅವರ 'ರೊಮಾನೋವ್ ರಾಜವಂಶದ ಪತನ' ಮತ್ತೊಮ್ಮೆ ಹಾಕಿಕೊಂಡು ಕೂತೆ. 1927ರ ಮೂಕಿ ಸಾಕ್ಷ್ಯಚಿತ್ರ. ಯುರೋಪಿನ ರಾಜರಾಣಿಯರ ಬಗ್ಗೆ ಎಷ್ಟೋ ಸಾಕ್ಷ್ಯಚಿತ್ರ ನೋಡಿದ್ದೇನೆ. ಇದರಷ್ಟು ಯಾವುದೂ ನನ್ನನ್ನು ಹಿಡಿದು ಕೂರಿಸಿಲ್ಲ.

ಶುಬ್ ಇದಕ್ಕೆ ಹೊಸದಾಗಿ ಚಿತ್ರೀಕರಿಸಿದ್ದು ತೀರಾ ಕಮ್ಮಿ. ರಷ್ಯಾದ ಕೊನೆಯ ಚಕ್ರವರ್ತಿ ಎರಡನೇ ನಿಕೋಲಸ್‌ನ ಮೆರವಣಿಗೆ, ಪರೇಡು, ಹಡಗಿನ ವಿಹಾರ ಎಲ್ಲವನ್ನೂ ಅರಮನೆಯ ಛಾಯಾಗ್ರಾಹಕರು ತೆಗೆದಿಟ್ಟಿದ್ದರು. 1917ರ ಕ್ರಾಂತಿಯಾದ ಮೇಲೆ ಆ ರೀಲುಗಳನ್ನು ಕೇಳುವವರಿರಲಿಲ್ಲ. ಎಷ್ಟೋ ರೀಲು ಥಂಡಿ ಹಿಡಿದ ನೆಲಮಾಳಿಗೆಯಲ್ಲಿ ಹಾಳಾಗುತ್ತಿದ್ದವು. 1926ರಲ್ಲಿ ಶುಬ್ ಲೆನಿನ್‌ಗ್ರಾಡಿಗೆ ಹೋದರು. ಎರಡು ತಿಂಗಳಲ್ಲಿ 60,000 ಮೀಟರ್ ಫಿಲ್ಮ್ ನೋಡಿದರು. ಬೆಂಗಳೂರಿಂದ ಚನ್ನಪಟ್ಟಣದವರೆಗೆ ಹಾಸಬಹುದಾದಷ್ಟು! ಅದರಲ್ಲಿ ಆರಿಸಿ ಮಾಸ್ಕೋಗೆ ತಂದದ್ದು 5,200 ಮೀಟರ್.

ಒಂದು ದೃಶ್ಯ ಹೇಳಲೇಬೇಕು. ಹಡಗಿನ ಡೆಕ್ ಮೇಲೆ ಅಧಿಕಾರಿಗಳು, ಸಿರಿವಂತ ಹೆಂಗಸರು ಮಜುರ್ಕಾ ಕುಣಿಯುತ್ತಾರೆ. ಕುಣಿದು ಸುಸ್ತಾಗಿ ಬೆವರು ಒರೆಸಿಕೊಳ್ಳುತ್ತಾರೆ. ತಕ್ಷಣ ಬೇರೆ ಬೆವರು ಬರುತ್ತದೆ. ಮೈಮುರಿದು ದುಡಿಯುವ ಬಡಜನರದ್ದು. ಎರಡೂ ನಿಜವಾದ ಚಿತ್ರಗಳೇ. ತೆಗೆದವರಿಗೆ ಇವು ಒಂದರ ಪಕ್ಕ ಒಂದು ಬರುತ್ತವೆ ಅಂತ ಕನಸಲ್ಲೂ ಗೊತ್ತಿರಲಿಲ್ಲ. ಅರಮನೆ ತನ್ನ ವೈಭವಕ್ಕೆ ಅಂತ ತೆಗೆಸಿದ್ದೇ ಅರಮನೆಯ ವಿರುದ್ಧ ಸಾಕ್ಷಿ ಹೇಳುತ್ತದೆ.

ಬೇರೆಯವರು ತೆಗೆದದ್ದನ್ನು ಸುಮ್ನೆ ಜೋಡಿಸಿದರೆ ಅದು ನಿರ್ದೇಶನವಾ ಅಂತ ಕೇಳುವವರು ಇವತ್ತಿಗೂ ಇದ್ದಾರೆ. ಖಂಡಿತ ಹೌದು ಅನ್ನುತ್ತೇನೆ. ಅದಕ್ಕೂ ಮುಂಚೆ ಶುಬ್ ವರ್ಷಗಟ್ಟಲೆ ವಿದೇಶಿ ಚಿತ್ರಗಳನ್ನು ಸೋವಿಯತ್ ಪ್ರೇಕ್ಷಕರಿಗೆ ಹೊಂದುವಂತೆ ಕತ್ತರಿಸಿ ಜೋಡಿಸುವ ಕೆಲಸ ಮಾಡಿದ್ದರು. ಆ ಕಣ್ಣು ಅಲ್ಲಿ ಪಳಗಿದ್ದು. ಅದೇ ಕಾಲದಲ್ಲಿ ಸೋವಿಯತ್ ನಿರ್ದೇಶಕ ಐಸೆನ್‌ಸ್ಟೀನ್ ತಮ್ಮ ಚಿತ್ರಕ್ಕೆ ಲೆನಿನ್‌ನಂತೆ ಕಾಣುವ ಒಬ್ಬರನ್ನು ಹುಡುಕಿ ನಿಲ್ಲಿಸಿದರು. ಶುಬ್ ನಿಜವಾದ ಫಿಲ್ಮನ್ನೇ ಹುಡುಕಿದರು. ನನಗೆ ಈ ಹಟ ಜಾಸ್ತಿ ಇಷ್ಟ.

ಹಾಗಂತ ಇದು ಯಾರ ಪರವೂ ಇಲ್ಲದ ಚಿತ್ರ ಅಲ್ಲ. ಕ್ರಾಂತಿಯ ಹತ್ತನೇ ವರ್ಷಕ್ಕೆ ಸೋವಿಯತ್ ಸ್ಟುಡಿಯೋ ಮಾಡಿಸಿದ್ದು. ಕಥೆ 1917ಕ್ಕೆ ನಿಲ್ಲುತ್ತದೆ. ಮುಂದಿನ ವರ್ಷ ಜುಲೈನಲ್ಲಿ ಯೆಕಟೆರಿನ್‌ಬರ್ಗ್‌ನ ಮನೆಯೊಂದರ ನೆಲಮಾಳಿಗೆಯಲ್ಲಿ ರಾಜ, ರಾಣಿ, ಐದೂ ಮಕ್ಕಳನ್ನು ಗುಂಡಿಟ್ಟು ಕೊಂದದ್ದು ಇದರಲ್ಲಿಲ್ಲ. ಆ ಮೌನ ನನ್ನನ್ನು ಪ್ರತಿ ಸಲ ಚುಚ್ಚುತ್ತದೆ. ಚಿತ್ರವನ್ನು ಇಷ್ಟು ಪ್ರೀತಿಸುವುದರಿಂದಲೇ ಇದನ್ನು ಹೇಳಬೇಕು ಅನಿಸುತ್ತದೆ.

1913ರಲ್ಲಿ ರಾಜವಂಶಕ್ಕೆ 300 ವರ್ಷ ತುಂಬಿದ ಉತ್ಸವ ತೆರೆಯ ಮೇಲೆ ಬರುವಾಗ ಮಗಳು ಪಕ್ಕಕ್ಕೆ ಬಂದು ಕೂತಳು. ಬಿಳಿ ಬಟ್ಟೆ, ದೊಡ್ಡ ಟೋಪಿ ಹಾಕಿದ ರಾಜನ ಆ ನಾಲ್ಕು ಹೆಣ್ಣುಮಕ್ಕಳನ್ನು ನೋಡಿ, "ಇವರೆಲ್ಲ ಆಮೇಲೆ ಏನಾದ್ರು ಅಮ್ಮಾ?" ಅಂದಳು.

ಚಿತ್ರ ನಿಲ್ಲಿಸಿ ನಾನೇ ಹೇಳಿದೆ.