ಬ್ಲೌಸಿಗೆ ಈಗಿನ ಅಳತೆಯನ್ನೇ ಕೊಡಿ
ಧಾರೆ ಸೀರೆ ಆರಿಸಲು ಹೋದಾಗ ಕನ್ನಡಿ ಮುಂದೆ ನಿಲ್ಲೋಕೇ ಮುಜುಗರ ಅಂತ ಬರೆದಿದ್ದೀರಿ. ನಮ್ಮ ದಾವಣಗೆರೆಯಲ್ಲೂ ಇದೇ ಕಥೆ. ಸೀರೆ ಬಿಚ್ಚಿ ಹೆಗಲ ಮೇಲೆ ಹಾಕಿದ್ದೇ ತಡ, ಜೊತೆಗೆ ಬಂದ ಚಿಕ್ಕಮ್ಮ, ಅತ್ತೆ ಎಲ್ಲರೂ "ದಪ್ಪ ಕಾಣ್ತೀಯ, ಡಾರ್ಕ್ ಕಲರ್ ತಗೋ" ಅಂತ ಶುರು ಮಾಡುತ್ತಾರೆ. ನನ್ನ ತಂಗಿಗೆ ಇಷ್ಟವಾಗಿದ್ದು ಅಗಲ ಅಂಚಿನ ಅರಿಶಿನ ಬಣ್ಣದ ಮೊಳಕಾಲ್ಮೂರು ರೇಷ್ಮೆ. ಅದನ್ನೇ ಕೊಡಿಸಿದೆವು. ಸೀರೆಗೆ ಸೈಜ್ ಎಲ್ಲಿದೆ, ಅಲ್ವಾ? ಫಜೀತಿಯೆಲ್ಲ ಬ್ಲೌಸಿನದ್ದು. ಮದುವೆ ಹೊತ್ತಿಗೆ ಸಣ್ಣಗಾಗ್ತೀನಿ ಅಂತ ಬಿಗಿ ಅಳತೆ ಕೊಡಬೇಡಿ. ಈಗಿನ ಅಳತೆಗೇ ಹೊಲಿಸಿ, ಪಕ್ಕದ ಹೊಲಿಗೆಯಲ್ಲಿ ಒಂದಿಂಚು ಬಟ್ಟೆ ಹೆಚ್ಚಿಗೆ ಬಿಡೋಕೆ ಹೇಳಿ. ಟ್ರಯಲ್‌ನಲ್ಲಿ ಕೈ ಎತ್ತಿ ನೋಡಿ, ಹಾರ ಹಾಕುವಾಗ ಕಂಕುಳಲ್ಲಿ ಹಿಡಿಯಬಾರದು. ಇನ್ನು ಬಾಯಿ ಜಾಸ್ತಿ ಇರುವ ನೆಂಟರನ್ನು ಸೀದಾ ಛತ್ರಕ್ಕೇ ಕರೆಯಿರಿ, ಅಂಗಡಿಗೆ ಬೇಡ.